ಮನೆಯಲ್ಲೇ ಮಿಂಟ್ ಜೂಲೆಪ್: ಪುದೀನ ಕುಟ್ಟಬೇಡಿ, ಐಸ್ ಕುಟ್ಟಿ

ಪ್ರಶ್ನೆ: ಮಿಂಟ್ ಜೂಲೆಪ್ ಎಂಬ ಕಾಕ್‌ಟೇಲ್ ಮನೆಯಲ್ಲಿ ಮಾಡಿ ನೋಡಿದೆ. ಒಂದು ಹಿಡಿ ಪುದೀನಕ್ಕೆ ಎರಡು ಚಮಚ ಸಕ್ಕರೆ ಹಾಕಿ ಚೆನ್ನಾಗಿ ಕುಟ್ಟಿ, 60 ಮಿ.ಲೀ. ಬರ್ಬನ್ (ಅಮೆರಿಕದ ವಿಸ್ಕಿ) ಸುರಿದೆ. ನೀರುನೀರಾಗಬಾರದೆಂದು ಐಸ್ ಮೂರೇ ತುಂಡು ಹಾಕಿದೆ. ಮೊದಲ ಗುಟುಕಿಗೆ ಗಂಟಲು ಸುಟ್ಟಿತು, ಆಮೇಲೆ ಹಸಿ ಸೊಪ್ಪು ಅಗಿದ ಹಾಗೆ ಕಹಿ, ಹಲ್ಲಿಗೆಲ್ಲ ಹಸಿರು ಚೂರು, ಕೊನೆಗೆ ತಳದಲ್ಲಿ ಕರಗದ ಸಕ್ಕರೆ ಮತ್ತು ಸಪ್ಪೆ ನೀರು. ಎಲ್ಲಿ ತಪ್ಪಿದೆ? ಯಾವ ಬರ್ಬನ್ ಆಗಬಹುದು? ನಿಂಬೆ ಹಿಂಡಬಹುದೇ? ಬೆಳ್ಳಿ ಲೋಟ ಇರಲೇಬೇಕೇ? ಮುಂದಿನ ವಾರ ಐದಾರು ಮಂದಿ ಸ್ನೇಹಿತರು ಬರುತ್ತಾರೆ, ಎಲ್ಲರಿಗೂ ಒಟ್ಟಿಗೆ ಮಾಡುವುದು ಹೇಗೆ?

ಉತ್ತರ: ನಿಮ್ಮ ಬರ್ಬನ್, ಸಕ್ಕರೆಯ ಅಳತೆಯಲ್ಲಿ ದೊಡ್ಡ ದೋಷವೇನಿಲ್ಲ. ಕುಟ್ಟಬಾರದ್ದನ್ನು ಕುಟ್ಟಿದ್ದೀರಿ, ಕುಟ್ಟಬೇಕಾದ್ದನ್ನು ಇಡಿಯಾಗಿ ಬಿಟ್ಟಿದ್ದೀರಿ, ಅಷ್ಟೇ. ಪುದೀನ ನಜ್ಜುಗುಜ್ಜಾಯಿತು, ಐಸ್ ತುಂಡಾಗಿಯೇ ಉಳಿಯಿತು. ನೀವು ಹೇಳಿದ ದೂರುಗಳಲ್ಲಿ ಸಕ್ಕರೆಯದೊಂದನ್ನು ಬಿಟ್ಟರೆ ಉಳಿದದ್ದೆಲ್ಲ ಇಲ್ಲಿಂದಲೇ ಬಂದಿವೆ.

ಮೊದಲು ಪುದೀನದ ವಿಚಾರ. ಒಂದು ಎಲೆ ತಿರುವಿ ಹಿಂಬದಿಯನ್ನು ಬೆಳಕಿಗೆ ಹಿಡಿಯಿರಿ, ಭೂತಗನ್ನಡಿ ಇದ್ದರೆ ಇನ್ನೂ ಒಳ್ಳೆಯದು. ಸೂಜಿಮೊನೆಯಷ್ಟು ಸಣ್ಣ ಹೊಳೆಯುವ ಚುಕ್ಕೆಗಳು ಕಾಣುತ್ತವೆ. ಅವು ಎಣ್ಣೆ ಗ್ರಂಥಿಗಳು. ಪುದೀನದ ಘಮವೆಲ್ಲ ಇರುವುದು ಅಲ್ಲಿ, ಎಲೆಯ ಮೈಮೇಲೆಯೇ. ಬೆರಳಿನಿಂದ ಸವರಿದರೂ ಸಾಕು, ಅವು ಒಡೆದು ಕೈಗೆಲ್ಲ ವಾಸನೆ ಹತ್ತುತ್ತದೆ. ಎಲೆಯ ಒಳಗಿನ ಜೀವಕೋಶಗಳಲ್ಲಿ ಇರುವುದು ಬೇರೆ ಸರಕು: ಪತ್ರಹರಿತ್ತು, ಒಗರು ಕೊಡುವ ಪಾಲಿಫಿನಾಲುಗಳು, ಗಾಳಿ ತಾಗಿದೊಡನೆ ಎಲೆಯನ್ನು ಕಪ್ಪು ಮಾಡುವ ಕಿಣ್ವಗಳು. ನೀವು ಕುಟ್ಟಿದಾಗ ಇವೆಲ್ಲ ಹೊರಗೆ ಬಂದವು. ಚಟ್ನಿಗೆ ಅದು ನಡೆಯುತ್ತದೆ, ಉಪ್ಪು ಹುಳಿ ಖಾರ ಸೇರಿ ಮುಚ್ಚಿಹಾಕುತ್ತವೆ. ಜೂಲೆಪ್‌ನಲ್ಲಿ ಮುಚ್ಚಿಹಾಕುವವರು ಯಾರೂ ಇಲ್ಲ.

ಹಾಗಾಗಿ ಎಂಟು ಹತ್ತು ಎಲೆ ಸಾಕು. ಲೋಟದ ತಳಕ್ಕೆ ಹಾಕಿ, ಸಕ್ಕರೆ ಪಾಕ ಸುರಿದು, ಚಮಚದ ಹಿಂಬದಿಯಿಂದ ನಾಲ್ಕೈದು ಸಲ ಮೆತ್ತಗೆ ಒತ್ತಿ. ತಿರುಚಬೇಡಿ, ಗುದ್ದಬೇಡಿ. ಒತ್ತಿದ ಮೇಲೆ ಒಂದು ಎಲೆಯನ್ನು ಮೇಲೆತ್ತಿ ನೋಡಿದರೆ ಅದು ಸ್ವಲ್ಪ ಬಾಡಿದಂತೆ, ಬಣ್ಣ ಒಂದಿಷ್ಟು ಗಾಢವಾದಂತೆ ಇರಬೇಕು, ಆದರೆ ಎಲ್ಲಿಯೂ ಹರಿದಿರಬಾರದು. ಆ ಎಲೆಗಳನ್ನೇ ಚಮಚದಿಂದ ಲೋಟದ ಒಳಗೋಡೆಗೆ ಒಮ್ಮೆ ಸವರಿ, ಆಮೇಲೆ ತೆಗೆದುಬಿಡಿ. ಒಳಗೇ ಬಿಡುವವರೂ ಇದ್ದಾರೆ, ತಪ್ಪೇನಿಲ್ಲ. ನನಗಂತೂ ತೆಗೆಯುವುದೇ ಇಷ್ಟ, ಸ್ಟ್ರಾಗೂ ಸಿಕ್ಕುವುದಿಲ್ಲ, ಹಲ್ಲಿಗೂ ಸಿಕ್ಕುವುದಿಲ್ಲ.

ತೆಗೆದುಬಿಟ್ಟರೆ ಪುದೀನದ ರುಚಿ ಎಲ್ಲಿಂದ ಬರಬೇಕು ಎನ್ನುತ್ತೀರಾ? ಮೇಲಿನ ಕುಚ್ಚಿನಿಂದ. ಲೋಟದ ಮೇಲೆ ಸಿಕ್ಕಿಸುವ ಪುದೀನದ ಕುಡಿಗಳನ್ನು ಬರೀ ಅಲಂಕಾರ ಎಂದುಕೊಂಡು ಒಂದು ಎಲೆ ತೇಲಿಬಿಡುವವರೇ ಹೆಚ್ಚು. ನನ್ನ ಪ್ರಕಾರ ಈ ಪಾನೀಯದ ಅರ್ಧ ಕೆಲಸ ಮಾಡುವುದೇ ಆ ಕುಚ್ಚು. ನಾವು ರುಚಿ ಎಂದು ಕರೆಯುವುದರಲ್ಲಿ ಬಹುಪಾಲು ಮೂಗಿನ ಕೆಲಸ. ಹಾಗಾಗಿ ಕುಡಿಗಳನ್ನು ದಟ್ಟವಾಗಿ, ಮೂರು ನಾಲ್ಕು ಸೇರಿಸಿ ಸಿಕ್ಕಿಸಬೇಕು. ಅವುಗಳ ಪಕ್ಕದಲ್ಲೇ ಗಿಡ್ಡ ಸ್ಟ್ರಾ ಇಡಬೇಕು, ಕುಚ್ಚಿಗಿಂತ ಎರಡು ಬೆರಳು ಮೇಲೆ ಬಂದರೆ ಹೆಚ್ಚಾಯಿತು. ಆಗ ಪ್ರತಿ ಗುಟುಕಿಗೂ ಮೂಗು ಪುದೀನದೊಳಗೇ ಇರುತ್ತದೆ. ನಾಲಿಗೆಗೆ ಸಿಗುವುದು ತಣ್ಣನೆಯ ಸಿಹಿ ಬರ್ಬನ್, ಮೂಗಿಗೆ ಸಿಗುವುದು ಪುದೀನ. ಎರಡೂ ಸೇರುವುದು ತಲೆಯೊಳಗೆ.

ಇದು ನನ್ನ ಹೊಸ ಸಿದ್ಧಾಂತವೇನಲ್ಲ. ಅಮೆರಿಕದ ಬಾರ್ಟೆಂಡರ್ ಜೆರ್ರಿ ಥಾಮಸ್ 1862ರಲ್ಲಿ ಪ್ರಕಟಿಸಿದ ಕೈಪಿಡಿಯಲ್ಲಿ ಜೂಲೆಪ್ ಮಾಡುವ ಕ್ರಮವಿದೆ. ಅದರಲ್ಲಿ ಪುದೀನದ ಕಡ್ಡಿಗಳನ್ನು ಸಕ್ಕರೆ ನೀರಿನಲ್ಲಿ ಒತ್ತಿ, ಮದ್ಯ ಮತ್ತು ಸಣ್ಣಗೆ ಹೆರೆದ ಐಸ್ ಹಾಕಿದ ಮೇಲೆ ಆ ಕಡ್ಡಿಗಳನ್ನು ಹೊರಗೆಳೆದು, ಕಾಂಡ ಕೆಳಗೆ ಮಾಡಿ ಹೂಗುಚ್ಛದಂತೆ ಐಸಿಗೆ ಸಿಕ್ಕಿಸಬೇಕು ಎಂದಿದೆ. ಅಂದರೆ ಆಗಲೂ ಸೊಪ್ಪು ಒಳಗಿರಲಿಲ್ಲ, ಮೇಲಿತ್ತು. ಅಂದ ಹಾಗೆ ಅವನ ಜೂಲೆಪ್‌ನಲ್ಲಿ ಬರ್ಬನ್ನೂ ಇಲ್ಲ. ಫ್ರಾನ್ಸಿನ ದ್ರಾಕ್ಷಿಯ ಕೊನ್ಯಾಕ್ ಬ್ರಾಂದಿ, ಮೇಲೆ ಒಂದು ತೊಟ್ಟು ಜಮೈಕಾ ರಮ್. ಆಮೇಲೆ ಫಿಲಾಕ್ಸೆರಾ ಎಂಬ ಕೀಟ ಫ್ರಾನ್ಸಿನ ದ್ರಾಕ್ಷಿ ತೋಟಗಳನ್ನು ಹಾಳುಗೆಡವಿ ಕೊನ್ಯಾಕ್ ಅಪರೂಪವಾಯಿತು, ಅಮೆರಿಕದ ದಕ್ಷಿಣದವರಿಗೆ ಕೈಗೆ ಸಿಗುವಂತಿದ್ದ ಕೆಂಟಕಿಯ ಬರ್ಬನ್ ಆ ಜಾಗ ಹಿಡಿಯಿತು. ಇವತ್ತಿಗೂ ಕೊನ್ಯಾಕ್ ಹಾಕಿ ಮಾಡಿದರೆ ತುಂಬ ಚೆನ್ನಾಗಿರುತ್ತದೆ.

ಯಾವ ಪುದೀನ ಎಂದರೆ ಸ್ಪಿಯರ್‌ಮಿಂಟ್, ಅಂದರೆ ಅಡುಗೆಗೆ ಬಳಸುವ ಮೆತ್ತನೆ ಸಿಹಿ ವಾಸನೆಯ ಜಾತಿ. ಅದರ ಘಮಕ್ಕೆ ಮುಖ್ಯ ಕಾರಣ ಅದರ ಎಣ್ಣೆಯಲ್ಲಿರುವ ಕಾರ್ವೋನ್ ಎಂಬ ಅಂಶ. ಪೆಪ್ಪರ್‌ಮಿಂಟ್ ಬೇಡ. ಅದರಲ್ಲಿ ಮೆಂಥಾಲ್ ಜಾಸ್ತಿ, ಬರ್ಬನ್ ಜೊತೆ ಸೇರಿದರೆ ಕೆಮ್ಮಿನ ಔಷಧಿ ಕುಡಿದ ಹಾಗಾಗುತ್ತದೆ. ಕೆಂಟಕಿಯವರು ಜೂಲೆಪ್‌ಗೆಂದೇ ಮೆಚ್ಚಿ ಬೆಳೆಸುವ ‘ಕೆಂಟಕಿ ಕರ್ನಲ್’ ಎಂಬ ತಳಿಯೂ ಸ್ಪಿಯರ್‌ಮಿಂಟೇ, ಎಲೆ ದೊಡ್ಡದು. ತಂದ ಕಟ್ಟು ಬಾಡಿದ್ದರೆ ಕಾಂಡದ ತುದಿ ಕತ್ತರಿಸಿ ಐಸ್ ನೀರಿನಲ್ಲಿ ಹತ್ತು ಹದಿನೈದು ನಿಮಿಷ ಮುಳುಗಿಸಿಡಿ, ನೆಟ್ಟಗೆ ಎದ್ದು ನಿಲ್ಲುತ್ತದೆ. ಉಳಿದದ್ದನ್ನು ಲೋಟದ ನೀರಿನಲ್ಲಿ ಹೂವಿನಂತೆ ನಿಲ್ಲಿಸಿ, ಮೇಲೊಂದು ಕವರ್ ಸಡಿಲವಾಗಿ ಮುಚ್ಚಿ ಫ್ರಿಜ್‌ನಲ್ಲಿಡಬಹುದು. ಕುಚ್ಚಿಗೆ ತುದಿಯ ಎಳೆಯ ಕುಡಿಗಳನ್ನೇ ಆರಿಸಿ, ಕೆಳಗಿನ ಬಲಿತ ಎಲೆಗಳನ್ನು ಒತ್ತಲು ಬಳಸಿ.

ಜೂಲೆಪ್ ಆಗಾಗ ಮಾಡುವ ಆಸೆಯಿದ್ದರೆ ಕುಂಡದಲ್ಲಿ ಒಂದು ಕಡ್ಡಿ ನೆಡುವುದೇ ವಾಸಿ, ಪುದೀನಕ್ಕೆ ಹೆಚ್ಚು ಉಪಚಾರ ಬೇಡ. ಥಿಯೋಡರ್ ರೂಸ್‌ವೆಲ್ಟ್ ಅಧ್ಯಕ್ಷರಾಗಿದ್ದಾಗ ಶ್ವೇತಭವನದಲ್ಲೇ ಪುದೀನದ ಪಾತಿ ಇತ್ತು. ಅದು ಗೊತ್ತಾದದ್ದು ನ್ಯಾಯಾಲಯದಲ್ಲಿ. ತಮ್ಮನ್ನು ಕುಡುಕ ಎಂದು ಬರೆದ ಪತ್ರಿಕಾ ಸಂಪಾದಕನ ಮೇಲೆ ರೂಸ್‌ವೆಲ್ಟ್ ಹೂಡಿದ ಮಾನನಷ್ಟ ಮೊಕದ್ದಮೆ 1913ರಲ್ಲಿ ಮಿಷಿಗನ್ ರಾಜ್ಯದಲ್ಲಿ ನಡೆಯಿತು. ಆ ಪಾತಿಯ ಪುದೀನದಿಂದ ವರ್ಷಕ್ಕೆ ಅರ್ಧ ಡಜನ್ ಜೂಲೆಪ್ ಕುಡಿದಿರಬಹುದು ಎಂದು ಅವರು ಸಾಕ್ಷಿ ಹೇಳಿದರು. ಗೆದ್ದರು, ಪರಿಹಾರವಾಗಿ ಸಿಕ್ಕಿದ್ದು ಆರು ಸೆಂಟ್.

ಇನ್ನು ಐಸ್. ನೀರಾಗಬಾರದೆಂದು ಐಸ್ ಕಡಿಮೆ ಹಾಕಿದೆ ಎಂದಿರಿ. ಎಲ್ಲರಿಗೂ ಹಾಗೇ ಅನ್ನಿಸುತ್ತದೆ, ಆಗುವುದು ಮಾತ್ರ ಉಲ್ಟಾ. ಮೂರು ತುಂಡು ಐಸಿಗೆ ಅಷ್ಟು ಬರ್ಬನ್ನನ್ನು ಬೇಗ ತಣ್ಣಗೆ ಮಾಡುವ ತಾಕತ್ತಿಲ್ಲ. ಹಾಗಾಗಿ ಮೊದಲ ಗುಟುಕು ಬೆಚ್ಚಗೆ, ಖಾರವಾಗಿ ಗಂಟಲಿಗೆ ಬಡಿಯಿತು. ನೀವು ಮಾತಾಡುತ್ತ ಕೂತಾಗ ಆ ಬೆಚ್ಚನೆ ಮದ್ಯದಲ್ಲಿ ಮೂರೂ ತುಂಡು ಪೂರ್ತಿ ಕರಗಿದವು, ಕೊನೆಗೆ ಸಪ್ಪೆ ನೀರು. ಲೋಟದ ತುಂಬ ಪುಡಿ ಐಸ್ ಒತ್ತಿ ತುಂಬಿದ್ದರೆ ಮೊದಲ ಅರ್ಧ ನಿಮಿಷದಲ್ಲೇ ಬೇಕಾದಷ್ಟು ಕರಗಿ ಎಲ್ಲವೂ ತಣ್ಣಗಾಗುತ್ತಿತ್ತು. ಅಲ್ಲಿಂದ ಮುಂದೆ ಉಳಿದ ಐಸ್ ಒಂದನ್ನೊಂದು ತಣ್ಣಗಿಡುತ್ತ ನಿಧಾನವಾಗಿ ಕರಗುತ್ತದೆ. ಮದ್ಯ ಬೆರೆತಿರುವುದರಿಂದ ಉಷ್ಣಾಂಶ ಸೊನ್ನೆ ಡಿಗ್ರಿಗಿಂತಲೂ ಕೆಳಗೆ ಇಳಿಯುತ್ತದೆ. ಆ ಚಳಿಯಲ್ಲಿ ಮದ್ಯದ ಉರಿ ಅಡಗುತ್ತದೆ.

ಜೂಲೆಪ್‌ಗೆ ನೀರು ಶತ್ರುವೂ ಅಲ್ಲ. 60 ಮಿ.ಲೀ. ಬರ್ಬನ್ನಿಗೆ ಬೇಕಾದ ನೀರು ಬೇರೆ ಎಲ್ಲಿಂದಲೂ ಬರುವುದಿಲ್ಲ, ಐಸಿನಿಂದಲೇ ಬರಬೇಕು. ಅದು ಯಾವಾಗ ಬರುತ್ತದೆ ಎಂಬುದಷ್ಟೇ ನಮ್ಮ ಕೈಯಲ್ಲಿರುವುದು.

ಪುಡಿ ಮಾಡಲು ಯಂತ್ರ ಬೇಡ. ಬಾರ್‌ಗಳಲ್ಲಿ ಲೂಯಿಸ್ ಬ್ಯಾಗ್ ಎಂಬ ದಪ್ಪ ಕ್ಯಾನ್ವಾಸ್ ಚೀಲಕ್ಕೆ ಐಸ್ ತುಂಬಿ ಮರದ ಸುತ್ತಿಗೆಯಿಂದ ಬಡಿಯುತ್ತಾರೆ. ನಿಮಗೆ ದಪ್ಪ ಹತ್ತಿ ಬಟ್ಟೆ ಮತ್ತು ಲಟ್ಟಣಿಗೆ ಸಾಕು. ಪ್ಲಾಸ್ಟಿಕ್ ಕವರ್ ಬೇಡ, ಹರಿಯುತ್ತದೆ. ಅದಕ್ಕಿಂತ ಮುಖ್ಯವಾಗಿ, ಕುಟ್ಟುವಾಗ ಕರಗಿದ ನೀರನ್ನು ಬಟ್ಟೆ ಹೀರುತ್ತದೆ, ಪ್ಲಾಸ್ಟಿಕ್ ಹೀರುವುದಿಲ್ಲ. ಒದ್ದೆ ಐಸ್ ಹಾಕಿದರೆ ಮೊದಲೇ ನೀರು ಬೆರೆಸಿದ ಹಾಗೆ. ಕೆಲವು ಚೂರು ಬಟಾಣಿ ಗಾತ್ರ, ಕೆಲವು ಕಲ್ಲುಪ್ಪಿನ ಹರಳಿನಷ್ಟು ಆದರೆ ಸರಿ. ಮಿಕ್ಸಿ ಹಾಕುವುದಾದರೆ ಬಿಟ್ಟು ಬಿಟ್ಟು ತಿರುಗಿಸಿ, ಇಲ್ಲದಿದ್ದರೆ ಹಿಮದ ಹಿಟ್ಟಾಗಿ ಕ್ಷಣದಲ್ಲಿ ಕರಗಿಹೋಗುತ್ತದೆ. ಕುಟ್ಟಿದ್ದನ್ನು ಅಗಲ ತಟ್ಟೆಯಲ್ಲಿ ಹರಡಿ ಹತ್ತು ನಿಮಿಷ ಫ್ರೀಜರ್‌ಗೆ ಹಾಕಿ ತೆಗೆದರೆ ಇನ್ನೂ ಒಣಗುತ್ತದೆ. ಫ್ರೀಜರ್‌ನಲ್ಲಿ ಮೀನು ಮಾಂಸದ ಪಕ್ಕ ವಾರಗಟ್ಟಲೆ ಕೂತ ಹಳೇ ಐಸ್ ಮಾತ್ರ ಬೇಡ, ಅದು ವಾಸನೆ ಹಿಡಿದಿರುತ್ತದೆ. ಲೋಟದ ತುಂಬ ಐಸೇ ಇರುವಾಗ ಆ ವಾಸನೆ ಬಚ್ಚಿಡಲು ಜಾಗವಿರುವುದಿಲ್ಲ.

ಸಕ್ಕರೆಯ ಬಗ್ಗೆ ಹೇಳುವುದು ಹೆಚ್ಚಿಲ್ಲ. ತಣ್ಣನೆಯ ಮದ್ಯದಲ್ಲಿ ಸಕ್ಕರೆ ಹರಳು ಕರಗುವುದಿಲ್ಲ, ಅದಕ್ಕೇ ನಿಮ್ಮ ಲೋಟದ ತಳದಲ್ಲಿ ಉಳಿದದ್ದು. ಸಮಸಮ ತೂಕದ ಸಕ್ಕರೆ ಮತ್ತು ನೀರು ಬಿಸಿ ಮಾಡಿ ಕರಗಿಸಿ ಆರಿಸಿಟ್ಟುಕೊಳ್ಳಿ. ಎಳೆ ಪಾಕ ಬರಿಸಬೇಕಾಗಿಲ್ಲ, ಕರಗಿದರೆ ಮುಗಿಯಿತು. ಒಂದು ಜೂಲೆಪ್‌ಗೆ 15 ಮಿ.ಲೀ., ಅಂದರೆ ಸುಮಾರು 9 ಗ್ರಾಂ ಸಕ್ಕರೆ, ನಿಮ್ಮ ಎರಡು ಚಮಚದ ಲೆಕ್ಕಕ್ಕೆ ಹತ್ತಿರವೇ. ಅಂತರರಾಷ್ಟ್ರೀಯ ಬಾರ್ಟೆಂಡರ್‌ಗಳ ಸಂಘದ ಪಟ್ಟಿಯಲ್ಲಿರುವ ಅಳತೆ ಒಂದೇ ಟೀ ಚಮಚ ಪುಡಿ ಸಕ್ಕರೆ, ಎರಡು ಚಮಚ ನೀರು. ನನಗೆ ಅದು ಸ್ವಲ್ಪ ಒಣ, ಅಂದರೆ ಸಿಹಿ ಕಡಿಮೆ ಅನ್ನಿಸುತ್ತದೆ. ನೀವು 10 ಮಿ.ಲೀ. ಪಾಕದಿಂದ ಶುರುಮಾಡಿ ರುಚಿ ನೋಡಿಕೊಂಡು ಏರಿಸಬಹುದು.

ಬರ್ಬನ್ ಯಾವುದು ಎಂದು ಕೇಳಿದ್ದೀರಿ. ಬಾಟಲಿಯ ವಯಸ್ಸಿಗಿಂತ ಅದರ ಬಲ ನೋಡಿ. ಬರ್ಬನ್ ಎಂದು ಕರೆಯಬೇಕಾದರೆ ಅದು ಅಮೆರಿಕದಲ್ಲೇ ತಯಾರಾಗಿರಬೇಕು, ಧಾನ್ಯದಲ್ಲಿ ಕನಿಷ್ಠ ಶೇ 51 ಮೆಕ್ಕೆಜೋಳ ಇರಬೇಕು, ಒಳಗೆ ಸುಟ್ಟ ಹೊಸ ಓಕ್ ಪೀಪಾಯಿಯಲ್ಲಿ ಕೂತಿರಬೇಕು, ಬಾಟಲಿಗೆ ಬರುವಾಗ ಆಲ್ಕೋಹಾಲ್ ಶೇ 40ಕ್ಕಿಂತ ಕಡಿಮೆ ಇರಬಾರದು. ಬಹಳಷ್ಟು ಅಗ್ಗದ ಬಾಟಲಿಗಳು ಸರಿಯಾಗಿ ಆ 40ರಲ್ಲೇ ನಿಲ್ಲುತ್ತವೆ. ಅಷ್ಟೊಂದು ಪುಡಿ ಐಸಿಗೆ ಅದು ಸಾಲದು, ಅರ್ಧ ಲೋಟಕ್ಕೆ ಬರುವಷ್ಟರಲ್ಲಿ ಬಸವಳಿದುಹೋಗುತ್ತದೆ. ಶೇ 45ರಿಂದ 50ರ ನಡುವಿನದು ನೋಡಿ. ಚೀಟಿಯ ಮೇಲೆ ‘ಬಾಟಲ್ಡ್ ಇನ್ ಬಾಂಡ್’ ಎಂದಿದ್ದರೆ ಯೋಚನೆಯೇ ಬೇಡ. 1897ರ ಕಾನೂನಿನ ಪ್ರಕಾರ ಅದು ಒಂದೇ ಡಿಸ್ಟಿಲರಿಯ ಒಂದೇ ಹಂಗಾಮಿನದು, ಕನಿಷ್ಠ ನಾಲ್ಕು ವರ್ಷ ಪೀಪಾಯಿಯಲ್ಲಿದ್ದದ್ದು, ಸರಿಯಾಗಿ ಶೇ 50 ಬಲದ್ದು. ವೈಲ್ಡ್ ಟರ್ಕಿ 101 (ಶೇ 50.5) ಗಟ್ಟಿಯಾಗಿ, ಮಸಾಲೆಯ ಖಾರದೊಂದಿಗೆ ನಿಲ್ಲುತ್ತದೆ. ರೈ ಎಂಬ ಧಾನ್ಯದ ಬದಲು ಗೋಧಿ ಹಾಕಿ ಮಾಡುವ ಮೇಕರ್ಸ್ ಮಾರ್ಕ್ (ಶೇ 45) ಮೆದು, ಗಂಟಲು ಸುಟ್ಟಿತು ಎನ್ನುವ ನಿಮಗೆ ಮೊದಲಿಗೆ ಅದೇ ಹಿತವಾದೀತು. ಹದಿನೈದು ವರ್ಷದ ದುಬಾರಿ ಬಾಟಲಿಯನ್ನು ಇದಕ್ಕೆ ಒಡೆಯಬೇಡಿ. ಅದರ ಸೂಕ್ಷ್ಮವೆಲ್ಲ ಐಸಿನಲ್ಲಿ ಮುಳುಗಿಹೋಗುತ್ತದೆ, ಓಕ್‌ನ ಒಗರು ಮಾತ್ರ ಉಳಿಯುತ್ತದೆ.

ಬೆಳ್ಳಿ ಲೋಟ ಇರಲೇಬೇಕೆಂದಿಲ್ಲ, ಲೋಹದ ಲೋಟ ಇದ್ದರೆ ಒಳ್ಳೆಯದು. ಲೋಹಗಳಲ್ಲೆಲ್ಲ ಬೆಳ್ಳಿಯಷ್ಟು ಚೆನ್ನಾಗಿ ಶಾಖ ದಾಟಿಸುವುದು ಬೇರೊಂದಿಲ್ಲ, ಒಳಗಿನ ಚಳಿ ಕ್ಷಣದಲ್ಲಿ ಹೊರಮೈಗೆ ಬರುತ್ತದೆ. ಗಾಳಿಯ ತೇವ ಅದಕ್ಕೆ ತಾಗಿ ಮೊದಲು ಬೆವರಾಗಿ, ಆಮೇಲೆ ಬೆಳ್ಳಗಿನ ಮಂಜಿನ ಪದರವಾಗಿ ಕಟ್ಟುತ್ತದೆ. ತೆಳುವಾದ ಸ್ಟೀಲ್ ಲೋಟದಲ್ಲೂ ಇದು ಆಗುತ್ತದೆ, ಸ್ವಲ್ಪ ತಡ ಅಷ್ಟೇ. ಸುಮಾರು 300 ಮಿ.ಲೀ. ಹಿಡಿಯುವ, ನೇರ ಗೋಡೆಯ ಲೋಟವಿರಲಿ, ಮೊದಲೇ ಫ್ರೀಜರ್‌ನಲ್ಲಿಟ್ಟಿರಿ. ಗಾಜಿನಲ್ಲಿ ಮಂಜು ಕಟ್ಟುವುದು ಅಪರೂಪ, ರುಚಿಗೇನೂ ಕೊರತೆಯಿಲ್ಲ. ಕೆಂಟಕಿಯ ಲೂಯಿವಿಲ್‌ನಲ್ಲಿರುವ ಚರ್ಚಿಲ್ ಡೌನ್ಸ್ ಮೈದಾನದಲ್ಲಿ 1875ರಿಂದ ಪ್ರತಿ ವರ್ಷ ಡರ್ಬಿ ಕುದುರೆ ಪಂದ್ಯ ನಡೆಯುತ್ತದೆ, ಸಾಮಾನ್ಯವಾಗಿ ಮೇ ತಿಂಗಳ ಮೊದಲ ಶನಿವಾರ. ಅಲ್ಲಿ ಎರಡು ದಿನದಲ್ಲಿ ಸುಮಾರು 1,20,000 ಜೂಲೆಪ್ ಖರ್ಚಾಗುತ್ತವೆ, ಬಹುಪಾಲು ಗಾಜಿನ ಲೋಟದಲ್ಲೇ, ಮೊದಲೇ ಬೆರೆಸಿದ ಬಾಟಲಿಯಿಂದ ಸುರಿದದ್ದು. ಅಷ್ಟು ಜನರಿಗೆ ಬೇರೆ ದಾರಿಯಿಲ್ಲ, ಒಪ್ಪೋಣ. ನೀವು ಮನೆಯಲ್ಲಿ ಅದಕ್ಕಿಂತ ಚೆನ್ನಾಗಿ ಮಾಡಬಹುದು.

ಈಗ ಮಾಡುವ ಕ್ರಮ. ತಣ್ಣಗಿನ ಲೋಟಕ್ಕೆ ಪಾಕ ಮತ್ತು ಎಲೆ ಹಾಕಿ ಮೇಲೆ ಹೇಳಿದಂತೆ ಒತ್ತಿ, ಸವರಿ, ಎಲೆ ತೆಗೆಯಿರಿ. 60 ಮಿ.ಲೀ. ಬರ್ಬನ್ ಸುರಿದು ಒಮ್ಮೆ ಕದಡಿ. ಅರ್ಧ ಲೋಟದಷ್ಟು ಪುಡಿ ಐಸ್ ಹಾಕಿ ಉದ್ದ ಚಮಚದಿಂದ ಇಪ್ಪತ್ತು ಮೂವತ್ತು ಸೆಕೆಂಡು ತಿರುಗಿಸಿ. ಐಸ್ ಕುಗ್ಗಿ ಮಟ್ಟ ಇಳಿಯುತ್ತದೆ, ಇನ್ನಷ್ಟು ಹಾಕಿ ಮತ್ತೆ ತಿರುಗಿಸಿ. ಈ ಹೊತ್ತಿಗೆ ಲೋಟದ ಹೊರಮೈ ಮಬ್ಬಾಗಿ, ಕೆಳಗಿನಿಂದ ಮೇಲಕ್ಕೆ ಬೆಳ್ಳಗೆ ಏರತೊಡಗುತ್ತದೆ. ಅಲ್ಲಿಗೆ ತಿರುಗಿಸುವುದು ನಿಲ್ಲಿಸಿ. ಲೋಟವನ್ನು ಅಂಚಿನಲ್ಲೋ ತಳದಲ್ಲೋ ಮಾತ್ರ ಹಿಡಿಯಿರಿ, ಮಧ್ಯೆ ಅಂಗೈ ತಾಗಿದರೆ ಬೆರಳಚ್ಚು ಬಿದ್ದು ಮಂಜು ಅಳಿಸಿಹೋಗುತ್ತದೆ. ಕೊನೆಗೆ ಐಸನ್ನು ಅಂಚಿನ ಮೇಲೆ ಗುಡ್ಡೆಯಾಗಿ ಪೇರಿಸಿ. ಮೊದಲು ಸ್ಟ್ರಾ ಇಳಿಸಿ. ಪುದೀನದ ಕುಡಿಗಳನ್ನು ಅಂಗೈ ಮೇಲಿಟ್ಟು ಇನ್ನೊಂದು ಕೈಯಿಂದ ಒಮ್ಮೆ ಚಪ್ಪಾಳೆ ತಟ್ಟಿದಂತೆ ತಟ್ಟಿ ಸ್ಟ್ರಾ ಪಕ್ಕಕ್ಕೇ ಸಿಕ್ಕಿಸಿ. ತಟ್ಟಿದ ಕ್ಷಣ ಕೋಣೆಯಲ್ಲಿದ್ದವರು ತಿರುಗಿ ನೋಡದಿದ್ದರೆ ಪುದೀನ ಹಳೆಯದು ಎಂದರ್ಥ. ಒಂದೆರಡು ನಿಮಿಷ ಬಿಟ್ಟು ಕುಡಿಯಲು ಕೊಡಿ.

ನಿಂಬೆ ಹಿಂಡಬೇಡಿ. ಕುಡಿಯಲು ಕೆಟ್ಟದಾಗಿರುತ್ತದೆ ಎಂದಲ್ಲ, ಬರ್ಬನ್, ಪುದೀನ, ನಿಂಬೆ ಸೇರಿದರೆ ಅದು ವಿಸ್ಕಿ ಸ್ಮ್ಯಾಶ್ ಎಂಬ ಬೇರೆಯೇ ಕಾಕ್‌ಟೇಲ್, ಸೊಗಸಾಗಿಯೇ ಇರುತ್ತದೆ. ಆದರೆ ಹುಳಿ ಬಂದರೆ ಜೂಲೆಪ್‌ನ ನಯ ಹೋಗುತ್ತದೆ. ಸೋಡಾ ಕೂಡ ಬೇಡ. ಪೀಚ್ ಬ್ರಾಂದಿ ಸಿಕ್ಕಿದರೆ ಒಂದು ಚಮಚ ಸೇರಿಸಿ ನೋಡಬಹುದು, ಹಳೆಯ ಜೂಲೆಪ್‌ಗಳಲ್ಲಿ ಅದು ಇರುತ್ತಿತ್ತು.

ಸ್ನೇಹಿತರ ಗುಂಪಿಗೆ ಒಬ್ಬೊಬ್ಬರಿಗೂ ಎಲೆ ಒತ್ತುತ್ತ ನಿಂತರೆ ನಿಮಗೆ ಮಾತಾಡಲು ಸಮಯ ಸಿಗುವುದಿಲ್ಲ. ಹಿಂದಿನ ದಿನವೇ ಪುದೀನ ಪಾಕ ಮಾಡಿಡಿ. 200 ಗ್ರಾಂ ಸಕ್ಕರೆ, 200 ಮಿ.ಲೀ. ನೀರು ಕುದಿಸಿ ಒಲೆ ಆರಿಸಿ, ಐದು ನಿಮಿಷ ಬಿಟ್ಟು ಒಂದು ಹಿಡಿ ಪುದೀನ ಮುಳುಗಿಸಿ ಮುಚ್ಚಿಡಿ. ಕಾಲು ಗಂಟೆಯ ನಂತರ ಹಿಂಡದೆ ಸೋಸಿ. ಪುದೀನ ಹಾಕಿ ಕುದಿಸಿದರೆ ಬೆಂದ ಸೊಪ್ಪಿನ ವಾಸನೆ ಬರುತ್ತದೆ, ಅದಕ್ಕೇ ಒಲೆ ಆರಿಸಬೇಕು ಎಂದದ್ದು. ಆರು ಜನರಿಗೆ 360 ಮಿ.ಲೀ. ಬರ್ಬನ್ನಿಗೆ 90 ಮಿ.ಲೀ. ಪಾಕ ಬೆರೆಸಿ ಜಗ್‌ನಲ್ಲಿ ಫ್ರಿಜ್‌ಗೆ ಸೇರಿಸಿ. ಬಂದವರಿಗೆ ಲೋಟಕ್ಕೆ 75 ಮಿ.ಲೀ.ನಂತೆ ಸುರಿದು, ಐಸ್ ಹಾಕಿ ತಿರುಗಿಸಿ, ಕುಚ್ಚು ಸಿಕ್ಕಿಸಿದರೆ ಆಯಿತು. ಐಸ್ ಎಷ್ಟು ಬೇಕಾಗಬಹುದು ಎಂದು ಅಂದಾಜು ಮಾಡುತ್ತೀರೋ ಅದರ ಎರಡು ಪಟ್ಟು ಇಟ್ಟುಕೊಳ್ಳಿ.

ಸಿಹಿ ಮತ್ತು ಚಳಿ ಸೇರಿ ಬಲವನ್ನು ಮರೆಸುತ್ತವೆ ಎಂಬುದನ್ನು ಬಂದವರಿಗೆ ಮೊದಲೇ ಹೇಳಿಬಿಡಿ. ಶೇ 50ರ ಬರ್ಬನ್ 60 ಮಿ.ಲೀ. ಎಂದರೆ ಸುಮಾರು 24 ಗ್ರಾಂ ಶುದ್ಧ ಆಲ್ಕೋಹಾಲ್. ಅಮೆರಿಕದಲ್ಲಿ ಒಂದು ಡ್ರಿಂಕ್ ಎಂದು ಲೆಕ್ಕ ಹಾಕುವುದು 14 ಗ್ರಾಂ, ಹಾಗಾಗಿ ಈ ಒಂದು ಲೋಟ ಒಂದೂವರೆಗಿಂತಲೂ ಹೆಚ್ಚು. ಗಾಡಿ ಓಡಿಸುವವರಿಗೆ, ಕುಡಿಯದವರಿಗೆ ಅದೇ ಪುದೀನ ಪಾಕ 30 ಮಿ.ಲೀ., ಅರ್ಧ ನಿಂಬೆಹಣ್ಣಿನ ರಸ, ಲೋಟದ ತುಂಬ ಪುಡಿ ಐಸ್, ಮೇಲೆ ಸೋಡಾ ಹಾಕಿ, ಅದೇ ಥರದ ಲೋಟದಲ್ಲಿ ಅಷ್ಟೇ ದಟ್ಟ ಕುಚ್ಚು ಸಿಕ್ಕಿಸಿ ಕೊಡಿ. ಅಂಚಿಗೊಂದು ನಿಂಬೆ ಬಿಲ್ಲೆ ಸಿಕ್ಕಿಸುವುದು ಮರೆಯಬೇಡಿ, ಇಲ್ಲದಿದ್ದರೆ ಮಂಜು ಕಟ್ಟಿದ ಲೋಟಗಳ ಸಾಲಿನಲ್ಲಿ ಯಾವುದು ಯಾರದ್ದೆಂದು ತಿಳಿಯುವುದಿಲ್ಲ.